ಕಾಲ್ವ್ ಮತ್ತು ಗೆರ್ಬರ್ಸೌ: ಒಂದು ಜರ್ಮನ್ ಪಟ್ಟಣದ ಚರಿತ್ರೆಯೂ ಅದರ ಸಾಹಿತ್ಯರೂಪವೂ

ಜರ್ಮನಿಯ ನೈರುತ್ಯದಲ್ಲಿ, ಬ್ಲ್ಯಾಕ್ ಫಾರೆಸ್ಟ್ ಎಂದು ಪ್ರಸಿದ್ಧವಾದ ಅರಣ್ಯಪ್ರದೇಶದ ಉತ್ತರಭಾಗದಲ್ಲಿ, ನಾಗೋಲ್ಡ್ ಎಂಬ ಚಿಕ್ಕ ನದಿಯ ಕಣಿವೆಯಲ್ಲಿ ಕಾಲ್ವ್ ಪಟ್ಟಣವಿದೆ. ಸುತ್ತಲಿನ ಹಳ್ಳಿಗಳನ್ನು ಸೇರಿಸಿಕೊಂಡರೂ ಅದರ ಜನಸಂಖ್ಯೆ ಇಪ್ಪತ್ತು ಸಾವಿರವನ್ನು ಸ್ವಲ್ಪವೇ ಮೀರುತ್ತದೆ. ಹರ್ಮನ್ ಹೆಸ್ಸೆ 1877ರ ಜುಲೈ 2ರಂದು ಅಲ್ಲಿಯ ಪೇಟೆಚೌಕದ ಒಂದು ಮನೆಯಲ್ಲಿ ಜನಿಸಿದನೆಂಬ ಒಂದೇ ಕಾರಣದಿಂದ ಈ ಊರಿನ ಹೆಸರು ಹೊರಗಿನವರ ಕಿವಿಗೆ ಬಿದ್ದಿದೆ. ಅವನ ಹೆಸರಿನ ವಸ್ತುಸಂಗ್ರಹಾಲಯವನ್ನು ಅಲ್ಲಿ 1990ರಲ್ಲಿ ತೆರೆದರು; 2002ರಲ್ಲಿ ಹಳೆಯ ಕಲ್ಲುಸೇತುವೆಯ ಮೇಲೆ ಅವನ ಕಂಚಿನ ಪ್ರತಿಮೆಯನ್ನು ನಿಲ್ಲಿಸಿದರು. ಪಟ್ಟಣವು ತನ್ನನ್ನು ‘ಹೆಸ್ಸೆಯ ಊರು’ ಎಂದೇ ಕರೆದುಕೊಳ್ಳುತ್ತದೆ.

ಹೆಸ್ಸೆ ತನ್ನ ಕಥೆಗಳಲ್ಲಿ ಈ ಊರಿಗೆ ಗೆರ್ಬರ್ಸೌ ಎಂಬ ಕಲ್ಪಿತನಾಮವನ್ನಿಟ್ಟನು. ತೊಗಲು ಹದಮಾಡುವವರ ಹೊಳೆಬಯಲು ಎಂದು ಸ್ಥೂಲವಾಗಿ ಅದರ ಅರ್ಥ. ಈ ಊರನ್ನು ಕುರಿತ ಕಥೆಗಳು 1949ರಲ್ಲಿ ‘ಗೆರ್ಬರ್ಸೌ’ ಎಂಬ ಹೆಸರಿನಲ್ಲಿಯೇ ಎರಡು ಸಂಪುಟಗಳಾಗಿ ಹೊರಬಂದುವು. ಅಂದಿನಿಂದ ಕಾಲ್ವ್ ಎಂದರೆ ಗೆರ್ಬರ್ಸೌ, ಗೆರ್ಬರ್ಸೌ ಎಂದರೆ ಕಾಲ್ವ್ ಎಂಬ ಭಾವನೆ ಓದುಗರಲ್ಲಿಯೂ ಊರನ್ನು ನೋಡಬರುವವರಲ್ಲಿಯೂ ಬೇರೂರಿದೆ. ಕಥೆಯನ್ನು ಕೈಯಲ್ಲಿ ಹಿಡಿದು ಬೀದಿಗಳಲ್ಲಿ ನಡೆದರೆ ಸಾಕು, ಊರಿನ ಚರಿತ್ರೆ ತಾನಾಗಿ ತೆರೆದುಕೊಳ್ಳುವುದೆಂದು ಅವರ ನಂಬಿಕೆ. ಈ ಸಮೀಕರಣವನ್ನು ನಾವು ಒಪ್ಪಲಾರೆವು. ಗೆರ್ಬರ್ಸೌ ಉತ್ತಮವಾದ ಸಾಹಿತ್ಯಸೃಷ್ಟಿ. ಆದರೆ ಕಾಲ್ವಿನ ಚರಿತ್ರೆಯಲ್ಲಿ ಅತ್ಯಂತ ವಿಶಿಷ್ಟವಾದ ಎರಡು ಸಂಗತಿಗಳು ಅದರಲ್ಲಿ ಇಲ್ಲ. ಅವುಗಳಲ್ಲಿ ಒಂದಕ್ಕೂ ಕನ್ನಡ ನಾಡಿಗೂ ನೇರವಾದ ಸಂಬಂಧವಿರುವುದರಿಂದ ಈ ವಿಚಾರವನ್ನು ನಮ್ಮ ಅಧ್ಯಾಪಕರ ಮತ್ತು ವಿದ್ಯಾರ್ಥಿಗಳ ಮುಂದಿಡುವುದು ಉಚಿತವೆಂದು ತೋರಿತು.

ಮೊದಲು ಊರಿನ ಕಟ್ಟಡಗಳನ್ನು ನೋಡೋಣ. ಪ್ರವಾಸಿಗಳು ಮೆಚ್ಚುವ ಮರದ ಚೌಕಟ್ಟಿನ ಮನೆಗಳನ್ನು ‘ಮಧ್ಯಯುಗದವು’ ಎಂದು ವರ್ಣಿಸುವ ವಾಡಿಕೆಯುಂಟು. ಇದು ತಪ್ಪು. ಕಾಲ್ವ್ ಎರಡು ಸಲ ಸುಟ್ಟುಹೋದ ಊರು. ಮೂವತ್ತು ವರ್ಷಗಳ ಯುದ್ಧದಲ್ಲಿ, ನೋರ್ಡ್‌ಲಿಂಗೆನ್ ಕದನದ ತರುವಾಯ, 1634ರಲ್ಲಿ ಚಕ್ರವರ್ತಿಯ ಪಕ್ಷದ ಸೇನೆ ಅದನ್ನು ಸುಟ್ಟಿತು. 1692ರಲ್ಲಿ ಫ್ರೆಂಚರ ಸೇನೆ ಮತ್ತೆ ಸುಟ್ಟಿತು. ಅದೇ ವರ್ಷ ಸಮೀಪದ ಹಿರ್ಸೌ ಮಠವೂ ಹಾಳಾಯಿತು. ಹನ್ನೊಂದನೆಯ ಶತಮಾನದ ಕೊನೆಯಲ್ಲಿ ನಿರ್ಮಿತವಾಗಿ ಮಠಸುಧಾರಣೆಗೆ ಕೇಂದ್ರವಾಗಿದ್ದ ಆ ಮಹಾಲಯದ ಅವಶೇಷಗಳು ಮಾತ್ರ ಇಂದು ಉಳಿದಿವೆ. ಆದುದರಿಂದ ಈಗ ಕಣ್ಣಿಗೆ ಬೀಳುವ ಮನೆಗಳಲ್ಲಿ ಬಹುಪಾಲು 1692ರಿಂದ ಈಚಿನವು. ಸೇತುವೆಯೂ ಅದರ ಮೇಲಿನ ಸಂತ ನಿಕೊಲಾಸನ ಪುಟ್ಟ ಗುಡಿಯೂ ಅದಕ್ಕಿಂತ ಹಳೆಯವು. ಅವು ಸುಮಾರು 1400ರ ಕಾಲದವು. 1620ರಿಂದ 1639ರವರೆಗೆ ಇಲ್ಲಿ ಧರ್ಮಾಧಿಕಾರಿಯಾಗಿದ್ದ ಯೋಹಾನ್ ವಾಲೆಂಟಿನ್ ಆಂಡ್ರೇ 1634ರ ಬೆಂಕಿಯಲ್ಲಿ ತನ್ನ ಪುಸ್ತಕಗಳನ್ನು ಕಳೆದುಕೊಂಡು, ಊರಿಗಾಗಿ ಲ್ಯಾಟಿನ್ನಿನಲ್ಲಿ ಶೋಕಕೃತಿಯೊಂದನ್ನು ಬರೆದನು. ‘ಕ್ರಿಸ್ಟಿಯಾನೋಪೊಲಿಸ್’ ಎಂಬ ಆದರ್ಶನಗರಿಯನ್ನು 1619ರಲ್ಲಿ ಕಲ್ಪಿಸಿದವನು ಹದಿನೈದು ವರ್ಷಗಳಲ್ಲಿಯೇ ತಾನಿದ್ದ ನಗರ ಬೂದಿಯಾದುದನ್ನು ಕಂಡನು. ಹೆಸ್ಸೆಗಿಂತ ಎರಡೂವರೆ ಶತಮಾನ ಮುಂಚೆಯೇ ಊರಿಗೆ ಒಬ್ಬ ಲೇಖಕನಿದ್ದನೆಂಬುದನ್ನು ಇಂದು ಸ್ಮರಿಸುವವರು ವಿರಳ.

ಸುಟ್ಟ ಊರನ್ನು ಎರಡು ಸಲ ಮತ್ತೆ ಕಟ್ಟಲು ಹಣವೆಲ್ಲಿಂದ ಬಂದಿತು? ಉಣ್ಣೆಬಟ್ಟೆಯಿಂದ. 1650ರಲ್ಲಿ ಕಾಲ್ವಿನ ವರ್ತಕರೂ ಬಣ್ಣಗಾರರೂ ಕೂಡಿ ಒಂದು ವ್ಯಾಪಾರ ಕಂಪೆನಿಯನ್ನು ಸ್ಥಾಪಿಸಿದರು. ಅದು 1797ರವರೆಗೆ ಬಾಳಿತು. ವ್ಯುರ್ಟೆಂಬರ್ಗಿನ ದೊರೆ ಅದಕ್ಕಿತ್ತ ಸನ್ನದಿನ ಬಲದಿಂದ, ಸುತ್ತಲ ಪ್ರಾಂತದ ನೇಕಾರರು ತಾವು ನೆಯ್ದ ಬಟ್ಟೆಯನ್ನು ಆ ಕಂಪೆನಿಗೇ ಮಾರಬೇಕಾಗಿತ್ತು; ಬೇರೆಯವನು ಹೆಚ್ಚಿನ ಬೆಲೆ ಕೊಡಲು ಸಿದ್ಧನಿದ್ದರೂ ಮಾರುವಂತಿರಲಿಲ್ಲ. ಕಂಪೆನಿಯ ಕೆಳಗೆ ನೇಕಾರರ ಶ್ರೇಣಿ. ಆ ಶ್ರೇಣಿಯೂ ತನ್ನ ಮಟ್ಟದಲ್ಲಿ ಹಾಗೆಯೇ ನಡೆದುಕೊಂಡಿತು. ನೂಲುವ ಕೆಲಸ ಹೆಚ್ಚಾಗಿ ಹೆಂಗಸರದು. ಅವರ ಕೂಲಿ ಒಂದು ಮಿತಿಯನ್ನು ದಾಟದಂತೆ ಅದು ಕಟ್ಟಳೆಗಳನ್ನು ಹೇರಿತು. 1997ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ಶೀಲಾ ಓಗಿಲ್ವಿ ಅವರು ಈ ವ್ಯವಸ್ಥೆಯನ್ನು ವಿಸ್ತಾರವಾಗಿ ಪರಿಶೀಲಿಸಿದ್ದಾರೆ. ಅದನ್ನು ಓದಿದ ಮೇಲೆ ಹದಿನೆಂಟನೆಯ ಶತಮಾನದ ಕೊನೆಯ ವರ್ತಕರ ಭವನಗಳನ್ನು, ಮುಖ್ಯವಾಗಿ ಊರಿನ ಮ್ಯೂಸಿಯಮ್ಮಿಗೆ ಮನೆಯಾದ ವಿಷರ್ ಸೌಧವನ್ನು, ಹಿಂದಿನ ಕಣ್ಣಿನಿಂದ ನೋಡಲಾಗದು. ಭವನವೇನೋ ಚೆಲುವಾಗಿಯೇ ಇದೆ. ಆದರೆ ಅದರ ಗೋಡೆಗೆ ಸಂದ ಹಣದಲ್ಲಿ ನೂಲಿದವಳ ಪಾಲು ಎಷ್ಟೆಂಬ ಪ್ರಶ್ನೆ ಏಳುತ್ತದೆ.

ಈಗ ಗೆರ್ಬರ್ಸೌ ಕಡೆಗೆ ತಿರುಗೋಣ. ಹೆಸ್ಸೆ ಈ ಕಥೆಗಳಲ್ಲಿ ಹೆಚ್ಚಿನವನ್ನು ಬರೆದದ್ದು ಊರನ್ನು ಬಿಟ್ಟ ತರುವಾಯ, ಇಪ್ಪತ್ತನೆಯ ಶತಮಾನದ ಮೊದಲ ಒಂದೂವರೆ ದಶಕದಲ್ಲಿ. ಅವು ಹುಟ್ಟೂರನ್ನು ಹೊಗಳುವ ಕಥೆಗಳೆಂದು ಭಾವಿಸಿದರೆ ನಾವು ಅವನ್ನು ಓದಿಯೇ ಇಲ್ಲವೆಂದಂತೆ. ‘ಹಳೆಯ ಸೂರ್ಯ’ದಲ್ಲಿ ಒಂದು ಕಾಲದ ಹೋಟೆಲು ಅನಾಥರ ಆಶ್ರಯವಾಗಿದೆ, ದಿವಾಳಿಯೆದ್ದ ಕಾರ್ಖಾನೆಯ ಯಜಮಾನನೊಬ್ಬನು ಅಲ್ಲಿ ಸೇರಿ ಕೊನೆಗೆ ನೇಣುಹಾಕಿಕೊಳ್ಳುತ್ತಾನೆ. ತಂದೆಯ ಅಂಗಡಿಯನ್ನು ಹೊತ್ತ ವಾಲ್ಟರ್ ಕೊಂಪ್ಫ್‌ನದೂ ಅದೇ ಗತಿ. ‘ಮನೆಗೆ ಮರಳಿಕೆ’ಯಲ್ಲಿ ಪರದೇಶದಲ್ಲಿ ಹಣ ಗಳಿಸಿ ಬಂದವನು ಊರಿನ ಗಾಳಿಮಾತಿನ ವಿಷವನ್ನು ಸವಿಯಬೇಕಾಗುತ್ತದೆ. ಅಲೆಮಾರಿ ಕ್ನುಲ್ಪ್ ಸಾಯಲೆಂದೇ ಗೆರ್ಬರ್ಸೌಗೆ ಬಂದು, ಊರ ಹೊರಗಿನ ಹಿಮದಲ್ಲಿ ಮಲಗುತ್ತಾನೆ. ‘ಗಾಲಿಯಡಿಯಲ್ಲಿ’ ಎಂಬ 1906ರ ಕಾದಂಬರಿಯಲ್ಲಿ ಊರಿಗೆ ಹೆಸರಿಲ್ಲ. ಆದರೆ ಸೇತುವೆ, ಗುಡಿ, ಬಡವರ ಕೇರಿ ಎಲ್ಲವೂ ಕಾಲ್ವಿನವು. ಪ್ರಾಂತಕ್ಕೆ ಎರಡನೆಯವನಾಗಿ ತೇರ್ಗಡೆಯಾದ ಹಾನ್ಸ್ ಎಂಬ ಹುಡುಗನನ್ನು ತಂದೆ, ಮೇಷ್ಟ್ರು, ಪಾದ್ರಿ ಎಲ್ಲರೂ ಸೇರಿ ಓದಿನ ಗಾಣಕ್ಕೆ ಕಟ್ಟುತ್ತಾರೆ. ಕಡೆಗೆ ಅವನ ಶವ ಹೊಳೆಯಲ್ಲಿ ಸಿಕ್ಕುತ್ತದೆ. ನಮ್ಮ ಪರೀಕ್ಷಾಪದ್ಧತಿಯನ್ನು ಬಲ್ಲ ಅಧ್ಯಾಪಕರು ಈ ಕಾದಂಬರಿಯನ್ನು ನೆಮ್ಮದಿಯಿಂದ ಓದಲಾರರು. ಹೀಗಿರಲು, ಇಂಥ ಆಪಾದನೆಗಳ ಕಟ್ಟನ್ನು ಒಂದು ಪಟ್ಟಣವು ತನ್ನ ಆಭರಣವಾಗಿ ಧರಿಸಿಕೊಂಡಿರುವುದು ಸೋಜಿಗವೇ ಸರಿ.

ಆದರೆ ನಮ್ಮ ಮುಖ್ಯ ಆಕ್ಷೇಪ ಇದಲ್ಲ. ಗೆರ್ಬರ್ಸೌನಲ್ಲಿ ಕುಶಲಕರ್ಮಿಗಳು, ಅಂಗಡಿಕಾರರು, ಗುಮಾಸ್ತರು, ಭಕ್ತ ಚಮ್ಮಾರರು ಎಲ್ಲರೂ ಇದ್ದಾರೆ. ಊರನ್ನು ಆಳಿದ ಬಟ್ಟೆಯ ಕಂಪೆನಿಯ ನೆನಪು ಮಾತ್ರ ಇಲ್ಲ. ಇಲ್ಲಿ ಬಡತನವು ವ್ಯಕ್ತಿಯ ದುರದೃಷ್ಟವಾಗಿ, ಕುಡಿತವಾಗಿ, ಸೋಮಾರಿತನವಾಗಿ ಬರುತ್ತದೆಯೇ ಹೊರತು ಸನ್ನದಿನ ಮತ್ತು ಕಟ್ಟಳೆಯ ಫಲವಾಗಿ ಬರುವುದಿಲ್ಲ. ಹೆಸ್ಸೆ ಹುಟ್ಟುವ ವೇಳೆಗೆ ಕಂಪೆನಿ ಮುಚ್ಚಿ ಎಂಬತ್ತು ವರ್ಷಗಳಾಗಿದ್ದುವು. ಆದುದರಿಂದ ಈ ಲೋಪವನ್ನು ಮನ್ನಿಸಬಹುದು. ಇನ್ನೊಂದು ಲೋಪಕ್ಕೆ ಅಂಥ ಸಮಾಧಾನ ಹೇಳಲಾಗುವುದಿಲ್ಲ. ಅದು ಅವನು ಬೆಳೆದ ಮನೆಯೇ.

ಕಾಲ್ವಿನಲ್ಲಿ ಕ್ರಿಸ್ಟಿಯಾನ್ ಗಾಟ್‌ಲೋಬ್ ಬಾರ್ತ್ 1830ರ ದಶಕದಲ್ಲಿ ಸ್ಥಾಪಿಸಿದ ಒಂದು ಧಾರ್ಮಿಕ ಪ್ರಕಾಶನಸಂಘವಿತ್ತು. 1862ರಲ್ಲಿ ಅವನು ತೀರಿಕೊಂಡ ಬಳಿಕ ಅದರ ಹೊಣೆಯನ್ನು ಹರ್ಮನ್ ಗುಂಡರ್ಟ್ ವಹಿಸಿಕೊಂಡನು. ಗುಂಡರ್ಟ್ 1836ರಲ್ಲಿ ಭಾರತಕ್ಕೆ ಬಂದವನು. ತಲಶ್ಶೇರಿಯಲ್ಲಿ ಬಾಸೆಲ್ ಮಿಷನ್ನಿನ ಕೆಲಸ ಮಾಡಿದವನು. 1847ರಲ್ಲಿ ‘ರಾಜ್ಯಸಮಾಚಾರ’ ಎಂಬ ಮಲಯಾಳ ಪತ್ರಿಕೆಯನ್ನು ಹೊರಡಿಸಿದವನು. ಆರೋಗ್ಯ ಕೆಟ್ಟು 1859ರಲ್ಲಿ ಸ್ವದೇಶಕ್ಕೆ ಹಿಂತಿರುಗಿದ ಮೇಲೆ ಕಾಲ್ವಿನಲ್ಲಿ ಕುಳಿತು ತನ್ನ ಮಲಯಾಳ ನಿಘಂಟನ್ನು ಮುಗಿಸಿದನು. ಅದು 1872ರಲ್ಲಿ ಅಚ್ಚಾದದ್ದು ನಮ್ಮ ಮಂಗಳೂರಿನ ಮಿಷನ್ ಮುದ್ರಣಾಲಯದಲ್ಲಿ. ಮಲಯಾಳ ಶಬ್ದಗಳ ಪಕ್ಕದಲ್ಲಿ ಕನ್ನಡ, ತುಳು, ತಮಿಳುಗಳ ಜ್ಞಾತಿರೂಪಗಳನ್ನು ಕಾಣಿಸುವ ಆ ಕೋಶವನ್ನು ಕಿಟ್ಟೆಲ್ಲನ 1894ರ ಕನ್ನಡ ನಿಘಂಟಿನೊಡನೆ ಇಟ್ಟು ನೋಡುವುದು ದ್ರಾವಿಡ ಭಾಷೆಗಳ ವಿದ್ಯಾರ್ಥಿಗೆ ಇಂದಿಗೂ ಲಾಭಕರ. ಗುಂಡರ್ಟನ ಮಗಳು ಮರೀ ತಲಶ್ಶೇರಿಯಲ್ಲಿ 1842ರಲ್ಲಿ ಜನಿಸಿದಳು. ಅವಳ ಎರಡನೆಯ ಪತಿ ಯೋಹಾನೆಸ್ ಹೆಸ್ಸೆಯೂ ನಮ್ಮ ಪಶ್ಚಿಮ ಕರಾವಳಿಯ ಪ್ರಾಂತದಲ್ಲಿ ಕೆಲವು ವರ್ಷ ಪಾದ್ರಿಯಾಗಿದ್ದು 1873ರಲ್ಲಿ ಹಿಂತಿರುಗಿ ಇದೇ ಸಂಘದಲ್ಲಿ ಮಾವನಿಗೆ ನೆರವಾದನು. ಇವರ ಮಗನೇ ನಮ್ಮ ಕಥೆಗಾರ.

ನೇಕಾರರ ಬಟ್ಟೆ ಹೊರಗೆ ಹೋಗುತ್ತಿದ್ದ ಊರಿಗೆ ಹೀಗೆ ಮಲಬಾರಿನಿಂದಲೂ ಮಂಗಳೂರಿನಿಂದಲೂ ಮಾತುಗಳೂ ಹಸ್ತಪ್ರತಿಗಳೂ ಬಂದು ಸೇರಿದುವು. ಗೆರ್ಬರ್ಸೌನಲ್ಲಿ ಇದರ ಸುಳಿವಿಲ್ಲ. ನಾವು ಓದಿದಮಟ್ಟಿಗೆ, ಆ ಕಥೆಗಳಲ್ಲಿ ಭಕ್ತಿಯೆಂದರೆ ಚಮ್ಮಾರನ ಮನೆಯ ಪ್ರಾರ್ಥನಾಕೂಟ. ಪರದೇಶವೆಂದರೆ ಹಣ ಗಳಿಸುವ ತಾಣ. ಭಾರತವು ಬರುವ ಹೆಸ್ಸೆಯ ಪುಸ್ತಕಗಳಲ್ಲಾದರೋ ಕಾಲ್ವ್ ಇಲ್ಲ. 1922ರ ‘ಸಿದ್ಧಾರ್ಥ’ದ ಹೊಳೆಯನ್ನು ನಾಗೋಲ್ಡಿನ ನೆನಪಿನಿಂದ ಬಿಡಿಸಲಾಗದೆಂದು ಹೇಳುವವರುಂಟು. ಅದು ಊಹೆ. ಎರಡೂ ಲೋಕಗಳು ಮುಖಾಮುಖಿಯಾಗುವುದು ‘ಮಾಂತ್ರಿಕನ ಬಾಲ್ಯ’ ಎಂಬ ಆತ್ಮಕಥನದ ಕಿರುಬರಹದಲ್ಲಿ. ಅಲ್ಲಿ ತಾತನ ಕೋಣೆ, ಅವನ ಬಹುಭಾಷಾಜ್ಞಾನ, ಪೂರ್ವದೇಶದ ವಸ್ತುಗಳ ಕಪಾಟು ಎಲ್ಲವೂ ಒಂದು ಮಗುವಿನ ಬೆರಗಿನಿಂದ ಮೂಡಿವೆ. ಆದರೆ ಅಲ್ಲಿಯೂ ತಾತನು ಮಾಂತ್ರಿಕನೇ ಹೊರತು ನಿಘಂಟುಕಾರನಲ್ಲ. ಕೋಶದ ಒಂದೊಂದು ಚೀಟಿಯ ಹಿಂದಿನ ದುಡಿಮೆ ಕಥೆಯಲ್ಲಿ ಮಾಯೆಯಾಗಿ ಕರಗಿಹೋಗಿದೆ.

ಸಾಹಿತಿಯು ತನ್ನ ಮನೆಯ ದಫ್ತರವನ್ನೆಲ್ಲ ಕಥೆಯಲ್ಲಿ ಒಪ್ಪಿಸಬೇಕೇ ಎಂದು ಯಾರಾದರೂ ಕೇಳಬಹುದು. ಬೇಕಿಲ್ಲ. ಹೆಸ್ಸೆಗೆ ಈ ಮೌನದ ಅಗತ್ಯವಿತ್ತೆಂದೇ ನಮ್ಮ ಎಣಿಕೆ. ತಾತನೂ ಓದಿದ್ದ ಮೌಲ್‌ಬ್ರಾನ್ ಮಠದ ಶಾಲೆಗೆ 1891ರಲ್ಲಿ ಸೇರಿ, ಮರುವರ್ಷವೇ ಅಲ್ಲಿಂದ ಓಡಿಹೋದ ಹುಡುಗನು, ಆ ಮನೆಯ ವಿದ್ಯೆ ಮತ್ತು ಧರ್ಮಗಳ ಭಾರದಿಂದ ಹೊರಬಂದಲ್ಲದೆ ಬರೆಯಲಾರದವನಾಗಿದ್ದನು. 1894ರಲ್ಲಿ ಅವನು ಕಾಲ್ವಿನ ಪೆರೋ ಎಂಬವನ ಗೋಪುರಗಡಿಯಾರದ ಕಾರ್ಖಾನೆಯಲ್ಲಿ ಅರ ಹಿಡಿದು ನಿಂತನು. ಗೆರ್ಬರ್ಸೌ ಹುಟ್ಟಿದ್ದು ಆ ಕಾರ್ಖಾನೆಯ ಬಾಗಿಲಿನಿಂದ ಊರನ್ನು ನೋಡಿದಾಗ, ತಾತನ ಕಿಟಕಿಯಿಂದಲ್ಲ. ಅರ್ಧ ಶತಮಾನ ಕಳೆದು, 1943ರ ‘ಗಾಜಿನ ಮಣಿಗಳ ಆಟ’ದಲ್ಲಿ, ಆ ಆಟದ ಮೊದಲ ಉಪಕರಣವನ್ನು ರಚಿಸಿದವನಿಗೆ ಅವನು ಕಾಲ್ವಿನ ಪೆರೋ ಎಂದೇ ಹೆಸರಿಟ್ಟನು. ವಾಸ್ತವವಾದಿ ಕಥೆಗಳಲ್ಲಿ ಸುಳ್ಳು ಹೆಸರಿನಿಂದ ಬಂದ ಊರು, ಪೂರ್ತಿ ಕಲ್ಪಿತವಾದ ಕಾದಂಬರಿಯಲ್ಲಿ ತನ್ನ ನಿಜನಾಮದಿಂದ ಬಂದಿತು. ಅಷ್ಟರಲ್ಲಿ ಯಂತ್ರದ ಕೈಕೆಲಸವೂ ಮನೆಯ ವಿದ್ಯೆಯೂ ಅವನಲ್ಲಿ ಒಂದಾಗಿದ್ದುವು.

ಆದುದರಿಂದ ದೋಷವು ಹೆಸ್ಸೆಯದಲ್ಲ. ಅವನ ಮೌನವನ್ನೇ ಊರಿನ ಚರಿತ್ರೆಯೆಂದು ಓದುವವರದು. ಈ ಓದಿನಿಂದ ಗುಂಡರ್ಟನು ‘ಹೆಸ್ಸೆಯ ತಾತ’ ಎಂಬ ಅಡಿಟಿಪ್ಪಣಿಗೆ ಇಳಿದನು. ನಮ್ಮಲ್ಲಿಯೂ ಇದಕ್ಕೆ ಸಮಾನವಾದ ಇನ್ನೊಂದು ಅರೆಗಣ್ಣಿನ ಓದು ಉಂಟು. ಹರ್ಮನ್ ಮೋಗ್ಲಿಂಗನನ್ನು ನಾವು 1843ರ ‘ಮಂಗಳೂರು ಸಮಾಚಾರ’ದ ಸಂಪಾದಕನಾಗಿ, ‘ಜೈಮಿನಿ ಭಾರತ’, ‘ಬಸವಪುರಾಣ’, ದಾಸರ ಪದಗಳು ಮೊದಲಾದುವನ್ನು ಅಚ್ಚುಹಾಕಿಸಿದವನಾಗಿ ಬಲ್ಲೆವು. ಅವನು ಮಂಗಳೂರಿನ ಬಂದರಿನಲ್ಲಿಯೇ ಹುಟ್ಟಿದನೋ ಎಂಬಂತೆ ಪಾಠ ಹೇಳುತ್ತೇವೆ. ಅವನು 1811ರಲ್ಲಿ ಜನಿಸಿದ್ದು ಬ್ರಾಕೆನ್‌ಹೈಮ್ ಎಂಬಲ್ಲಿ. ಅದೂ ಕಾಲ್ವಿನಂತೆ ವ್ಯುರ್ಟೆಂಬರ್ಗಿನದೇ ಸಣ್ಣ ಊರು. 1881ರಲ್ಲಿ ಅವನು ತೀರಿಕೊಂಡ ಮರುವರ್ಷ ಅವನ ಜೀವನಚರಿತ್ರೆಯನ್ನು ಬರೆದವನು ಗುಂಡರ್ಟ್. ಅದನ್ನು ಪ್ರಕಟಿಸಿದ್ದು ಕಾಲ್ವಿನ ಈ ಸಂಘವೇ. ಕನ್ನಡದ ಮೊದಲ ಪತ್ರಿಕೆಯ ಸಂಪಾದಕನ ಬಾಳಿನ ಕಥೆ ಮೊದಲು ಹೊರಟದ್ದು ನಾಗೋಲ್ಡ್ ಕಣಿವೆಯಿಂದ ಎಂಬುದನ್ನು ನಮ್ಮ ಪಠ್ಯಗಳು ಹೇಳುವುದಿಲ್ಲ.

ಆ ಗ್ರಂಥವನ್ನು ಕಣ್ಣುಮುಚ್ಚಿ ಒಪ್ಪಬೇಕೆಂದು ನಾವು ಹೇಳುತ್ತಿಲ್ಲ. ಶತಮಾನದ ನಡುಗಾಲದ ಒಂದು ‘ಮಿಷನ್ ಜೀವನ’ವೆಂದು ಅದರ ಉಪಶೀರ್ಷಿಕೆಯೇ ಸಾರುತ್ತದೆ. ನಮಗೆ ಮುಖ್ಯವಾದ ಕಾವ್ಯಸಂಪಾದನೆ ಆ ದೃಷ್ಟಿಗೆ ಪ್ರಾಸಂಗಿಕ. ಮಿಷನ್ ಪತ್ರಿಕೆಗಳಲ್ಲಿ ಅಚ್ಚಾಗುತ್ತಿದ್ದ ವರದಿಗಳೂ ಹಣ ಕೊಡುವ ಭಕ್ತರಿಗೆಂದು ಬರೆದವು. ಅವುಗಳಲ್ಲಿ ಕಾಣುವ ಕನ್ನಡ ನಾಡು ಮತಾಂತರಕ್ಕಾಗಿ ಕಾದಿರುವ ನಾಡು. ಹೀಗೆ ಅತ್ತ ಗೆರ್ಬರ್ಸೌನಲ್ಲಿ ಭಾರತವಿಲ್ಲದ ಕಾಲ್ವ್, ಇತ್ತ ಮಿಷನ್ ಬರಹಗಳಲ್ಲಿ ತನ್ನ ದನಿಯಿಲ್ಲದ ಭಾರತ. ಗುಂಡರ್ಟನ ಸಂಗ್ರಹದ ಗ್ರಂಥಗಳೂ ಹಸ್ತಪ್ರತಿಗಳೂ ಟ್ಯೂಬಿಂಗೆನ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿವೆ. 2018ರಿಂದ ಅವುಗಳ ಗಣಕಪ್ರತಿಗಳನ್ನು ಯಾರು ಬೇಕಾದರೂ ನೋಡಬಹುದು. ಅವುಗಳಲ್ಲಿ ಮಲಯಾಳದ್ದೇ ದೊಡ್ಡ ಪಾಲು; ಕನ್ನಡ ಮತ್ತು ತುಳುವಿನವೂ ಇವೆ. ಮಲಯಾಳ ವಿದ್ವಾಂಸರು ತಮ್ಮ ಪಾಲಿನದನ್ನು ಬಹುಮಟ್ಟಿಗೆ ಬಳಸಿಕೊಂಡಿದ್ದಾರೆ. ಕನ್ನಡದ ಹಾಳೆಗಳನ್ನು 1882ರ ಆ ಜೀವನಚರಿತ್ರೆಯೊಡನೆ ಹೋಲಿಸಿ ಓದುವ ಕೆಲಸಕ್ಕೆ ಕನ್ನಡವನ್ನೂ ಜರ್ಮನನ್ನೂ ಬಲ್ಲ ಒಬ್ಬಿಬ್ಬರು ವಿದ್ಯಾರ್ಥಿಗಳು ಸಾಕು.

ಹೆಸ್ಸೆ 1911ರಲ್ಲಿ ಪೂರ್ವದೇಶಗಳಿಗೆ ಹಡಗು ಹತ್ತಿದನು. ಸಿಂಹಳ, ಸಿಂಗಪುರ, ಸುಮಾತ್ರಗಳನ್ನು ಕಂಡು ಹಿಂತಿರುಗಿ, 1913ರಲ್ಲಿ ಪ್ರಕಟಿಸಿದ ಪ್ರವಾಸಗ್ರಂಥಕ್ಕೆ ‘ಭಾರತದಿಂದ’ ಎಂದು ಹೆಸರಿಟ್ಟನು. ತಾಯಿ ಹುಟ್ಟಿದ ತಲಶ್ಶೇರಿಯನ್ನಾಗಲಿ, ತಾತನ ನಿಘಂಟು ಅಚ್ಚಾದ ಮಂಗಳೂರನ್ನಾಗಲಿ ಅವನು ನೋಡಲಿಲ್ಲ.