ಪಿರ್ಲೊ ಆಟ, ಗಟ್ಟೂಸೊ ಓಟ

ಆಂದ್ರಿಯಾ ಪಿರ್ಲೊ ಬಗ್ಗೆ ಬರೆಯುವವರು ಆತನ ಗಡ್ಡ, ಸಾವಧಾನ, ಬೆವರೇ ಬಾರದವನಂತೆ ಆಡುವ ಠೀವಿಯನ್ನು ಹೊಗಳುತ್ತ ಮೈಮರೆಯುತ್ತಾರೆ. 2017ರಲ್ಲಿ ನಿವೃತ್ತನಾದ ಈ ಇಟಲಿಯ ಮಿಡ್‌ಫೀಲ್ಡರ್ ಒಬ್ಬಂಟಿ ಕಲಾವಿದ ಎಂಬ ಮಾತು ಹೀಗೆ ಬೇರೂರಿದೆ. ನನಗದು ಒಪ್ಪಿಗೆಯಿಲ್ಲ. ಫುಟ್‌ಬಾಲಿನಲ್ಲಿ ಇಷ್ಟೊಂದು ಪರಾವಲಂಬಿಯಾದ ಪ್ರತಿಭೆ ಇನ್ನೊಂದಿರಲಾರದು. ಇದು ಆತನನ್ನು ಕಡೆಗಣಿಸಲು ಹೇಳುವ ಮಾತಲ್ಲ.

ಮೊದಲಿಗೆ ಪಿರ್ಲೊ ಆಡುತ್ತಿದ್ದುದು ಮುಂದೆ, ಸ್ಟ್ರೈಕರ್‌ಗಳ ಬೆನ್ನಿಗೆ. ಅಲ್ಲಿ ಬೇಕಾದ ವೇಗ ಆತನಿಗಿರಲಿಲ್ಲ. ಇಂಟರ್ ಮಿಲಾನ್‌ನಲ್ಲಿ ನೆಲೆ ಸಿಗಲಿಲ್ಲ. 2001ರಲ್ಲಿ ಎರವಲು ಆಟಗಾರನಾಗಿ ತವರಿನ ಬ್ರೆಷಿಯಾ ಕ್ಲಬ್ಬಿಗೆ ಮರಳಿದಾಗ ಆ ಜಾಗದಲ್ಲಿ ಸಾಕ್ಷಾತ್ ರೊಬೆರ್ತೊ ಬಾಜ್ಜೊ ಇದ್ದ. ಕೋಚ್ ಕಾರ್ಲೊ ಮಾಜ್ಜೊನೆ ಹುಡುಗನನ್ನು ಹಿಂದಕ್ಕೆ, ರಕ್ಷಣಾ ಸಾಲಿನ ಮುಂದಕ್ಕೆ ಸರಿಸಿದರು. ಅಲ್ಲಿ ಇಡೀ ಮೈದಾನ ಎದುರಿಗೇ ಕಾಣುತ್ತದೆ. ಆ ವರ್ಷದ ಏಪ್ರಿಲ್‌ನಲ್ಲಿ ಯುವೆಂಟಸ್ ವಿರುದ್ಧ ಪಿರ್ಲೊ ದೂರದಿಂದ ಎತ್ತಿ ಕೊಟ್ಟ ಚೆಂಡನ್ನು ಬಾಜ್ಜೊ ಒಂದೇ ಸ್ಪರ್ಶದಲ್ಲಿ ಹಿಡಿದು, ಗೋಲ್‌ಕೀಪರನನ್ನು ದಾಟಿ ಗೋಲು ಹೊಡೆದ.

ಅದೇ ವರ್ಷ ಪಿರ್ಲೊನನ್ನು ಎಸಿ ಮಿಲಾನ್‌ಗೆ ಬಿಟ್ಟುಕೊಟ್ಟು ಇಂಟರ್ ಕೈಸುಟ್ಟುಕೊಂಡಿತು. ಮಿಲಾನ್‌ನಲ್ಲಿ ಕಾರ್ಲೊ ಆಂಚೆಲೊಟ್ಟಿ ಆತನನ್ನು ಅದೇ ಜಾಗದಲ್ಲಿ ಊರಿಸಿ, ಪಕ್ಕದಲ್ಲಿ ಜೆನ್ನಾರೊ ಗಟ್ಟೂಸೊನನ್ನು ನಿಲ್ಲಿಸಿದರು. ಪಿರ್ಲೊ ಸೋಮಾರಿಯಲ್ಲ, ತನ್ನನ್ನು ಕಾಯುವವನಿಂದ ತಪ್ಪಿಸಿಕೊಂಡು ಸದಾ ಸರಿದಾಡುತ್ತಿದ್ದ. ಆದರೆ ಎದುರಾಳಿಯ ಮೇಲೆ ಮುಗಿಬಿದ್ದು ಚೆಂಡು ಕಸಿಯುವ ಒರಟು ಕೆಲಸ ಗಟ್ಟೂಸೊನದು. ಕಸಿದ ಮರುಕ್ಷಣ ಚೆಂಡು ಪಿರ್ಲೊ ಕಾಲಿಗೆ. 2003 ಮತ್ತು 2007ರ ಚಾಂಪಿಯನ್ಸ್ ಲೀಗ್ ಕಪ್‌ಗಳ ಹಿಂದೆ ಈ ಜೋಡಿಯಿದೆ.

ಆತನ ಬುದ್ಧಿ ಹೇಗೆ ಓಡುತ್ತಿತ್ತು ಎಂಬುದಕ್ಕೆ 2006ರ ವಿಶ್ವಕಪ್ ಸೆಮಿಫೈನಲ್ ಸಾಕು. ಡಾರ್ಟ್ಮಂಡ್‌ನಲ್ಲಿ ಆತಿಥೇಯ ಜರ್ಮನಿ ಎದುರಾಳಿ, 119ನೇ ನಿಮಿಷ, ಗೋಲಿಲ್ಲ. ನಮ್ಮಲ್ಲಿ ಆಗ ಬೆಳಗಿನ ಜಾವ ಮೂರರ ಸುಮಾರು. ಕಾರ್ನರ್‌ನಿಂದ ಹೊರಬಿದ್ದ ಚೆಂಡು ಪೆನಾಲ್ಟಿ ಆವರಣದ ಅಂಚಿನಲ್ಲಿ ಪಿರ್ಲೊಗೆ ಸಿಕ್ಕಿತು. ಬೇರೆ ಯಾರಾದರೂ ಅಲ್ಲೇ ಒದ್ದುಬಿಡುತ್ತಿದ್ದರು. ಈತ ಒದೆಯಲಿಲ್ಲ. ಚೆಂಡನ್ನು ಬಲಕ್ಕೆ ಮೆಲ್ಲನೆ ತಳ್ಳುತ್ತ ಸಾಗಿದ. ಈಗ ಹೊಡೆದಾನು, ಈಗ ಹೊಡೆದಾನು ಎಂದು ಜರ್ಮನ್ನರು ಮೈಯೆಲ್ಲ ಆತನತ್ತ ತಿರುಗಿಸಿದರು. ಆಗ ಬಿತ್ತು, ನೋಟ ಒಂದು ಕಡೆ ಚೆಂಡು ಇನ್ನೊಂದು ಕಡೆ ಎಂಬಂಥ ಪಾಸ್. ಫಾಬಿಯೊ ಗ್ರೊಸ್ಸೊ ಎಡಗಾಲಿನಿಂದ ಚೆಂಡನ್ನು ತಿರುಗಿಸಿ ಗೋಲಿನ ದೂರದ ಮೂಲೆಗೆ ಸೇರಿಸಿದ. ಪಾಸ್‌ಗಿಂತ ನನಗೆ ಹಿಡಿಸುವುದು ಅದಕ್ಕೆ ಮೊದಲಿನ ಆ ಕೆಲವು ಹೆಜ್ಜೆಗಳು. ಜಾಗ ಇರಲಿಲ್ಲ, ಕಾಯ್ದು ಹುಟ್ಟಿಸಿದ.

ಈ ಆಟಕ್ಕೆ ಮದ್ದು ಇರಲಿಲ್ಲವೇ? ಇತ್ತು. 2010ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್‌ನ ಅಲೆಕ್ಸ್ ಫರ್ಗ್ಯುಸನ್, ಕೊರಿಯಾದ ಪಾರ್ಕ್ ಜಿ ಸುಂಗ್‌ನನ್ನು ಪಿರ್ಲೊಗೆ ಅಂಟಿಸಿಬಿಟ್ಟರು. ಓಲ್ಡ್ ಟ್ರಾಫರ್ಡ್‌ನಲ್ಲಿ ಮಿಲಾನ್ 0-4ರಿಂದ ಸೋತಿತು; ಪಾರ್ಕ್ ಗೋಲನ್ನೂ ಹೊಡೆದ. ದಣಿವರಿಯದ ಒಬ್ಬ ಬೆನ್ನು ಬಿದ್ದರೆ, ಓಟದಲ್ಲಿ ಆತನನ್ನು ಹಿಂದಿಕ್ಕುವ ಕಾಲು ಪಿರ್ಲೊಗಿರಲಿಲ್ಲ.

ಮರುವರ್ಷ ಮಿಲಾನ್ ಪಿರ್ಲೊನನ್ನು ಬಿಟ್ಟುಕೊಟ್ಟಿತು. ಸತತ ಎರಡು ಸಲ ಏಳನೇ ಸ್ಥಾನಕ್ಕೆ ಕುಸಿದಿದ್ದ ಯುವೆಂಟಸ್ ಬಿಡಿಗಾಸಿಲ್ಲದೆ ಆತನನ್ನು ಪಡೆದು, ಆ ಋತುವಿನಲ್ಲಿ ಲೀಗ್‌ನ ಒಂದು ಪಂದ್ಯವನ್ನೂ ಸೋಲದೆ ಚಾಂಪಿಯನ್ ಆಯಿತು. ಅಲ್ಲಿದ್ದ ನಾಲ್ಕು ವರ್ಷವೂ ಪ್ರಶಸ್ತಿ. ಆದರೆ ಅಲ್ಲೂ ಅಕ್ಕಪಕ್ಕದಲ್ಲಿ ಓಡಿ ದುಡಿಯುವ ವಿದಾಲ್, ಮಾರ್ಕಿಸಿಯೊ ಇದ್ದರೆಂಬುದನ್ನು ಮರೆಯಬಾರದು.

2012ರ ಯುರೊ ಕ್ವಾರ್ಟರ್ ಫೈನಲ್‌ನಲ್ಲಿ ಇಂಗ್ಲೆಂಡ್ ವಿರುದ್ಧ ಆತ ಮೆಲ್ಲಗೆ ಚಿಮ್ಮಿಸಿದ ಪೆನಾಲ್ಟಿಯನ್ನು ಇಂದಿಗೂ ಕೊಂಡಾಡುತ್ತಾರೆ. ಶೂಟೌಟ್‌ನಲ್ಲಿ ತಂಡ ಹಿಂದೆ ಬಿದ್ದಿದ್ದಾಗ ಅಂಥ ಧೈರ್ಯ ಸಣ್ಣದಲ್ಲ. ಆದರೆ ಅದಕ್ಕೂ ಮುಂಚಿನ 120 ನಿಮಿಷ ಇಂಗ್ಲೆಂಡ್ ಆತನಿಗೆ ಬೇಕಾದಷ್ಟು ಜಾಗ ಬಿಟ್ಟುಕೊಟ್ಟಿತ್ತು, ಆತ ಪಂದ್ಯವನ್ನೇ ನಡೆಸಿದ. ಆದರೂ ಇಟಲಿಗೆ ಒಂದು ಗೋಲೂ ದಕ್ಕಲಿಲ್ಲ. ಆತನ ಆಟದ ಹಿರಿಮೆಯೂ ಮಿತಿಯೂ ಆ ಎರಡು ಗಂಟೆಯಲ್ಲಿವೆ.

ನ್ಯೂಯಾರ್ಕ್‌ನಲ್ಲಿ ಆಡಿದ ಕೊನೆಯ ವರ್ಷಗಳ ಬಗ್ಗೆ ಹೆಚ್ಚು ಹೇಳಲು ಏನಿಲ್ಲ. 2020ರಲ್ಲಿ ಅನುಭವವಿಲ್ಲದೆಯೇ ಯುವೆಂಟಸ್ ಕೋಚ್ ಆದ. ಒಂಬತ್ತು ಸಲ ಸತತವಾಗಿ ಲೀಗ್ ಗೆದ್ದಿದ್ದ ತಂಡ ನಾಲ್ಕನೆಯದಾಯಿತು. ತಾನು ಕಂಡದ್ದನ್ನು ಇನ್ನೊಬ್ಬರಿಗೆ ಕಾಣಿಸುವುದು ಬೇರೆಯದೇ ವಿದ್ಯೆ.

ಆಸಕ್ತಿ ಇರುವವರು 2007ರ ಚಾಂಪಿಯನ್ಸ್ ಲೀಗ್ ಸೆಮಿಫೈನಲ್‌ನಲ್ಲಿ ಮಿಲಾನ್ ತಂಡ ಮ್ಯಾಂಚೆಸ್ಟರ್ ಯುನೈಟೆಡ್ ತಂಡವನ್ನು 3-0ರಿಂದ ಮಣಿಸಿದ ಪಂದ್ಯವನ್ನು ಪೂರ್ತಿ ನೋಡಿ, ತುಣುಕುಗಳನ್ನಲ್ಲ. 21ನೇ ಸಂಖ್ಯೆಯ ಅಂಗಿ ಪಿರ್ಲೊನದು. ಅರ್ಧ ಹೊತ್ತಾದರೂ 8ನೇ ಸಂಖ್ಯೆಯ ಗಟ್ಟೂಸೊ ಮೇಲೆ ಕಣ್ಣಿಡಿ.