ರೇ ಸ್ಕಾಟನ ಮಿತೋಕ್ತಿ

ಕಣ್ಣಿಲ್ಲದ ಧೃತರಾಷ್ಟ್ರನಿಗೆ ಸಂಜಯನು ಯುದ್ಧವನ್ನು ವರ್ಣಿಸಿದನು. ಕಣ್ಣುಳ್ಳ ದೊರೆಗಾದರೆ ಅವನು ಹೇಳಬೇಕಾದುದೇನು? ದೂರದರ್ಶನದ ವೀಕ್ಷಕ ವಿವರಣೆಗೆ ಈ ಪ್ರಶ್ನೆಯು ಹುಟ್ಟಿನಿಂದಲೇ ಅಂಟಿಕೊಂಡಿದೆ. ರೇಡಿಯೋದಲ್ಲಿ ಪಳಗಿದವರು ಬಹುಮಟ್ಟಿಗೆ ಅದನ್ನು ಮರೆತು, ನೋಟಕನು ಕಂಡುದನ್ನೇ ಮತ್ತೆ ನುಡಿದರು. ಅಮೆರಿಕದ ರೇ ಸ್ಕಾಟನು (1919-1998) ಮರೆಯಲಿಲ್ಲ.

ಪೆನ್ಸಿಲ್ವೇನಿಯದ ಜಾನ್ಸ್‌ಟೌನಿನವನಾದ ಆತನೂ ರೇಡಿಯೋದಿಂದಲೇ ಬಂದವನು. 1950ರ ದಶಕದಲ್ಲಿ ಡ್ಯೂಮಾಂಟ್ ಸಂಸ್ಥೆಗಾಗಿ ವೃತ್ತಿಪರ ಫುಟ್‌ಬಾಲನ್ನು ವಿವರಿಸಿ, ಅನಂತರ ಸಿ.ಬಿ.ಎಸ್. ಸಂಸ್ಥೆಯಲ್ಲಿ ಗ್ರೀನ್ ಬೇ ಪ್ಯಾಕರ್ಸ್ ತಂಡದ ವಾಣಿಯಾದನು. (ಆ ಫುಟ್‌ಬಾಲಿನಲ್ಲಿ ಚೆಂಡು ಕಾಲಿಗಿಂತ ಕೈಯಲ್ಲಿಯೇ ಹೆಚ್ಚಾಗಿ ಸಂಚರಿಸುವುದು, ಹೆಸರು ಮಾತ್ರ ಹಾಗೆ ನಿಂತಿದೆ.) ಎಸೆದವನ ಹೆಸರು, ತುಸು ಮೌನ, ಹಿಡಿದವನ ಹೆಸರು, ಮತ್ತೆ ಮೌನ, ಕಡೆಗೆ ಫಲ: ಇಷ್ಟೇ ಆತನ ವಾಕ್ಯ. ಕ್ರಿಯಾಪದವನ್ನು ಚಿತ್ರವೇ ಪೂರೈಸುತ್ತಿದ್ದಿತು.

1967ರ ಡಿಸೆಂಬರ್ 31ರಂದು, ಶೂನ್ಯಕ್ಕಿಂತ 25 ಸೆಂಟಿಗ್ರೇಡ್ ಡಿಗ್ರಿ ಕೆಳಗಿನ ಚಳಿಯಲ್ಲಿ, ಗ್ರೀನ್ ಬೇ ತಂಡವು ಡಲ್ಲಾಸ್ ತಂಡವನ್ನು 21-17ರಿಂದ ಸೋಲಿಸಿತು. ವಿವರಣೆಯ ಪೂರ್ವಾರ್ಧವು ಸ್ಕಾಟನದು, ಉತ್ತರಾರ್ಧವು ಜ್ಯಾಕ್ ಬಕ್ಕನದು. ಪೂರ್ವಾರ್ಧದಲ್ಲಿ ಗ್ರೀನ್ ಬೇಯ ಎರಡು ಟಚ್‌ಡೌನುಗಳೂ ಬಾರ್ಟ್ ಸ್ಟಾರನು ಎಸೆದು ಬಾಯ್ಡ್ ಡೌಲರನು ಹಿಡಿದವು. ಸ್ಕಾಟನ ರೀತಿಗೆ ಇದಕ್ಕಿಂತ ಒಪ್ಪುವ ವಸ್ತುವಿಲ್ಲ. ಕಟ್ಟಕಡೆಯ ಸೆಕೆಂಡುಗಳಲ್ಲಿ ಸ್ಟಾರನು ತಾನೇ ನುಗ್ಗಿ ಗೆಲವನ್ನು ತಂದ ಗಳಿಗೆಯು ಬಕ್ಕನ ಪಾಲಾಯಿತು. ಸ್ಕಾಟನು 1967, 1968, 1972, 1974ರ ಸೂಪರ್ ಬೌಲುಗಳನ್ನೂ ವಿವರಿಸಿದನು. ಜೊತೆಗಾರನಾಗಿದ್ದ ಪ್ಯಾಟ್ ಸಮರಾಲನು ಅದೇ ಮಿತೋಕ್ತಿಯನ್ನು ಮುಂದುವರಿಸಿದನು.

ಆಡಕಿಯಿರುವ ಸೇಡಂ ಸೀಮೆಯಲ್ಲಿಯೇ ಮಳಖೇಡವಿದೆ. ಅಲ್ಲಿಯ ರಾಷ್ಟ್ರಕೂಟರ ಆಸ್ಥಾನದಲ್ಲಿ ಮೂಡಿದ ಕವಿರಾಜಮಾರ್ಗಕ್ಕೆ ದಂಡಿಯ ಕಾವ್ಯಾದರ್ಶವು ಆಧಾರ. ಹೇಳಿದ ಅರ್ಥವನ್ನೇ ಮತ್ತೆ ಹೇಳುವುದನ್ನು ದಂಡಿಯು ಏಕಾರ್ಥವೆಂಬ ದೋಷವೆನ್ನುವನು. ಚಿತ್ರವು ನುಡಿದುದನ್ನು ನಾಲಗೆಯು ನುಡಿಯುವುದೂ ಏಕಾರ್ಥವೇ ಸರಿ. ಆದರೆ ಅನುಕಂಪಾದಿಗಳು ಉಕ್ಕಿದಾಗ ಪುನರುಕ್ತಿಯು ದೋಷವಲ್ಲ, ಅಲಂಕಾರವೆಂದೂ ದಂಡಿಯು ಹೇಳಿರುವನು. ಈ ವಿನಾಯಿತಿಗೆ ಸ್ಕಾಟನ ರೀತಿಯಲ್ಲಿ ಎಡೆಯಿಲ್ಲ; ಇದು ಅದರ ಕೊರತೆ. ಇನ್ನೊಂದು ಕೊರತೆಯೂ ಉಂಟು: ಸ್ಟಾರ್, ಡೌಲರ್ ಯಾರೆಂದು ಅರಿಯದವನಿಗೆ ಆ ಹೆಸರುಗಳು ಬರಿಯ ಸದ್ದು. ಮಿತೋಕ್ತಿಗೆ ಬಲ್ಲ ಶ್ರೋತೃವು ಬೇಕು.

ಹೀಗಿದ್ದರೂ ಕನ್ನಡ ವಿವರಣೆಗೆ ಈತನ ಅಭ್ಯಾಸವು ಪ್ರಯೋಜನಕರ. ಇಂಗ್ಲಿಷಿನಲ್ಲಿ ಎರಡು ಬರಿಯ ಹೆಸರುಗಳ ನಡುವಣ ಸಂಬಂಧವನ್ನು ದೃಶ್ಯದಿಂದ ಸಾಲ ತರಬೇಕು. ಕನ್ನಡದಲ್ಲಿ ಅದು ವಿಭಕ್ತಿಪ್ರತ್ಯಯದಲ್ಲಿಯೇ ಇದೆ. "ಸ್ಟಾರನಿಂದ ಡೌಲರನಿಗೆ" ಎಂದರೆ ಕ್ರಿಯಾಪದವಿಲ್ಲದೆಯೂ ಕ್ರಿಯೆಯು ತಿಳಿಯುವುದು. ಕನ್ನಡದ ಕ್ರಿಯಾಪದವು ವಾಕ್ಯಾಂತ್ಯಕ್ಕೆ ಬರುವುದರಿಂದ, ತುಂಬುವಾಕ್ಯವನ್ನು ನುಡಿಯಹೊರಟ ವಿವರಣಕಾರನು "ಎಸೆದನು" ಎನ್ನುವ ಹೊತ್ತಿಗೆ ಚೆಂಡನ್ನು ಹಿಡಿದಾಗಿರುತ್ತದೆ.