ಮಕ್ಕಳ ಕೊರಳಿಗೆ ಯಾವ ನಾಟ್ಯಪದ?

ಪುಣೆಯ ನಮ್ಮ ಕನ್ನಡ ಮನೆಗಳಲ್ಲಿ ಸಂಗೀತ ಕಲಿಯುವ ಮಕ್ಕಳಿಗೆ ಕೊರತೆಯಿಲ್ಲ. ಗಣೇಶೋತ್ಸವ, ರಾಜ್ಯೋತ್ಸವಗಳು ಬಂದರೆ ಅವರು ಹಾಡುವ ಹಾಡುಗಳಲ್ಲಿ ಒಂದೆರಡಾದರೂ ಮರಾಠಿ ನಾಟ್ಯಪದಗಳಿರುತ್ತವೆ. ಇದರಲ್ಲಿ ಪರಕೀಯವಾದದ್ದೇನೂ ಇಲ್ಲ. 1880ರಲ್ಲಿ ಇದೇ ಪುಣೆಯಲ್ಲಿ ‘ಸಂಗೀತ ಶಾಕುಂತಲ’ವನ್ನು ರಂಗಕ್ಕೆ ತಂದ ಅಣ್ಣಾಸಾಹೇಬ ಕಿರ್ಲೋಸ್ಕರರು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಮರಾಠಿ ರಂಗಭೂಮಿಯಲ್ಲಿ ಹಾಡಿ ಮೆರೆದ ಸವಾಯಿ ಗಂಧರ್ವರು ಕುಂದಗೋಳದವರು. ಆದುದರಿಂದ ನಮ್ಮ ಆಕ್ಷೇಪಣೆ ನಾಟ್ಯಪದದ ಮೇಲಲ್ಲ, ಅದನ್ನು ಆರಿಸುವ ರೀತಿಯ ಮೇಲೆ.

ಕೆಲವು ವರ್ಷಗಳ ಹಿಂದೆ ಮಕ್ಕಳ ಕಾರ್ಯಕ್ರಮವೊಂದರಲ್ಲಿ ಹದಿಮೂರು ವರ್ಷದ ಹುಡುಗನೊಬ್ಬ ‘ಮಾನಾಪಮಾನ’ದ ಧೈರ್ಯಧರನ ಪದವನ್ನು ಹಾಡಿದ. ದೀನಾನಾಥ ಮಂಗೇಶಕರರ ಮಿಂಚಿನಂಥ ತಾನುಗಳನ್ನು ಧ್ವನಿಮುದ್ರಿಕೆಯಿಂದ ಬಾಯಿಪಾಠ ಮಾಡಿದ್ದ. ಮೇಲಿನ ಷಡ್ಜಕ್ಕೆ ಹೋದಾಗ ದನಿ ಒಡೆಯಿತು. ಸಭಿಕರು ಕನಿಕರದಿಂದ ಚಪ್ಪಾಳೆ ತಟ್ಟಿದರು. ಹುಡುಗ ಮತ್ತೆ ವೇದಿಕೆ ಹತ್ತಲಿಲ್ಲ. ಆ ಪದವನ್ನು ಸೂಚಿಸಿದವರು ನಾವೇ. ಈ ಮಾತುಗಳನ್ನು ಬರೆಯಲು ಅದೇ ಕಾರಣ.

ನಾಟ್ಯಪದವೆಂದರೆ ಚಿಕ್ಕದೊಂದು ಚೌಕಟ್ಟು. ಅದರ ಮೇಲಿನ ಆಲಾಪ, ತಾನುಗಳು ಆಯಾ ನಟನು ತನ್ನ ಕೊರಳಿಗೆ ತಕ್ಕಂತೆ, ‘ವನ್ಸ್ ಮೋರ್’ ಬಂದಂತೆ ಬೆಳೆಸಿಕೊಂಡವು. ದೀನಾನಾಥರ ಕುಸುರಿ ದೀನಾನಾಥರದು. ನಾವು ಮಕ್ಕಳಿಗೆ ಚೌಕಟ್ಟನ್ನು ಬಿಟ್ಟು ಕುಸುರಿಯನ್ನು ಕಲಿಸುತ್ತೇವೆ. ಅದೂ ಮುದ್ರಿಕೆಯ ಶ್ರುತಿಯಲ್ಲಿಯೇ! ಬಿಳಿ ಮೂರರಲ್ಲಿ ಸುಖವಾಗಿ ಹಾಡುವ ಮಗುವನ್ನು ಕರಿ ಐದಕ್ಕೆ ಎಳೆಯುವುದು ಯಾವ ನ್ಯಾಯ? ಅದರಲ್ಲೂ ಗಂಡುಮಕ್ಕಳ ದನಿ ಮುರಿಯುವ ವಯಸ್ಸಿನಲ್ಲಿ ತಾರಸ್ಥಾಯಿಯ ಪದ ಬೇಡವೇ ಬೇಡ. ಸವಾಯಿ ಗಂಧರ್ವರ ಕೊರಳು ಸಹ ಅಬ್ದುಲ್ ಕರೀಂ ಖಾನರ ಕೈಯಲ್ಲಿ ವರ್ಷಗಟ್ಟಲೆ ಸಾಧನೆಯಿಂದ ಪಳಗಿದುದು.

ಪಾಶ್ಚಾತ್ಯರ ಆಪೆರಾ ಶಿಕ್ಷಕರು ಈ ವಿಷಯದಲ್ಲಿ ನಮಗಿಂತ ಎಚ್ಚರಿಕೆಯವರು. ಮೊದಲು ದನಿಯ ಜಾತಿಯನ್ನೂ ಹರವನ್ನೂ ಅಳೆಯುತ್ತಾರೆ, ಹಾಡು ಆಮೇಲೆ. 1791ರಲ್ಲಿ ಮೊಟ್ಸಾರ್ಟ್ ರಚಿಸಿದ ‘ಮಾಯಾಕೊಳಲು’ ಆಪೆರಾದ ರಾತ್ರಿಯ ರಾಣಿಯ ಪದ ಎಷ್ಟೇ ಪ್ರಸಿದ್ಧವಾಗಿರಲಿ, ವಿವೇಕವುಳ್ಳ ಗುರು ಅದನ್ನು ಹೊಸ ವಿದ್ಯಾರ್ಥಿನಿಯ ಕೈಗೆ ಕೊಡುವುದಿಲ್ಲ.

ಹಾಗಾದರೆ ಯಾವುದನ್ನು ಆರಿಸಬೇಕು? 1882ರ ‘ಸೌಭದ್ರ’ದಲ್ಲಿ ಸಾಕಿ, ದಿಂಡಿಗಳಂಥ ಸರಳ ಧಾಟಿಗಳಿವೆ, ಹರವು ಚಿಕ್ಕದು, ಮಾತು ಸ್ಪಷ್ಟ. ಅಲ್ಲಿಂದ ತೊಡಗುವುದು ಲೇಸು. 1916ರ ‘ಸ್ವಯಂವರ’ದ ಪದಗಳಿಗೆ ಭಾಸ್ಕರಬುವಾ ಬಖಲೆಯವರು ಖಯಾಲಿನ ಬಂದಿಶುಗಳನ್ನೇ ಆಧಾರ ಮಾಡಿಕೊಂಡರು. ಯಮನ್, ಬಿಹಾಗ್ ರಾಗಗಳ ಒಂದೊಂದು ಬಂದಿಶಾದರೂ ಕಲಿತ ಬಳಿಕ ಅವುಗಳಿಗೆ ಕೈಹಾಕಬೇಕು. ಅರ್ಥವನ್ನೂ ನೋಡಬೇಕು. ಹತ್ತು ವರ್ಷದ ಮಗುವಿನ ಬಾಯಲ್ಲಿ ರುಕ್ಮಿಣಿಯ ವಿರಹ ನಮಗೆ ತಮಾಷೆಯಾಗಿ ಕಂಡೀತು. ಮಗುವಿಗೆ ಮಾತ್ರ ಅದು ಅರ್ಥವಿಲ್ಲದ ಸದ್ದು.

ಇನ್ನೊಂದು ಮಾತು. ನಮ್ಮ ಮಕ್ಕಳು ದಾಸರ ಪದಗಳನ್ನೂ ಹಾಡುತ್ತಾರೆ, ಸಂತೋಷ. ಆದರೆ ಕನ್ನಡ ಅಕ್ಷರ ಬಾರದೆ ದೇವನಾಗರಿಯಲ್ಲಿ ಬರೆದುಕೊಳ್ಳುತ್ತಾರೆ. ಮರಾಠಿಯವರು ಬರೆಯುವ ದೇವನಾಗರಿಯಲ್ಲಿ ಎ, ಏ ಎಂಬ ಭೇದವಿಲ್ಲ. ಒ, ಓ ಎಂಬ ಭೇದವೂ ಇಲ್ಲ. ‘ಎಲ್ಲಿ’ ಎಂಬುದು ‘ಏಲ್ಲಿ’ಯಾಗುತ್ತದೆ, ‘ಒಡೆಯ’ನು ‘ಓಡೇಯ’ನಾಗುತ್ತಾನೆ. ಸ್ವರ ಸರಿಯಿದ್ದೂ ಪದ ಕುಂಟುತ್ತದೆ. ಇದನ್ನು ಸಂಗೀತದ ಮಾಸ್ತರರು ತಿದ್ದಲಾರರು. ಮನೆಯಲ್ಲಿ ಅಜ್ಜಿಯೋ ತಾಯಿಯೋ ಪಕ್ಕದಲ್ಲಿ ಕುಳಿತು ಪದವನ್ನು ಮೊದಲು ಓದಿಸಬೇಕು, ಅರ್ಥ ಹೇಳಬೇಕು, ಆಮೇಲೆ ಹಾಡಿಸಬೇಕು.

ಹಾಡು ಪ್ರಸಿದ್ಧವೇ ಎಂದು ಕೇಳುವ ಮೊದಲು ಅದು ಈ ಕೊರಳಿಗೆ, ಈ ವಯಸ್ಸಿಗೆ ಒಪ್ಪೀತೇ ಎಂದು ಕೇಳೋಣ. ಚಪ್ಪಾಳೆ ಒಂದು ಸಂಜೆಯದು, ಕೊರಳು ಜೀವಮಾನದ್ದು. ಮುಂದಿನ ಕಾರ್ಯಕ್ರಮಕ್ಕೆ ಮಕ್ಕಳ ಹೆಸರು ಬರೆಯಿಸುವಾಗ ತಂದೆತಾಯಿಗಳು ಈ ಮಾತನ್ನು ಮನಸ್ಸಿನಲ್ಲಿಡಬೇಕೆಂದು ನಮ್ಮ ವಿನಂತಿ. ಹಾಡನ್ನು ಸೂಚಿಸುವ ನಾವೂ ಇಡುತ್ತೇವೆ.